ಜಪ್ತಿಯ ಜಾಹೀರಾತಿಗೆ ಕನ್ನಡ ಬೇಕು, ನೋಟೀಸಿಗೆ ಬೇಡವೇ?

ಯಾವುದಾದರೂ ಕನ್ನಡ ದಿನಪತ್ರಿಕೆಯ ಒಳಪುಟ ತೆರೆದು ನೋಡಿ. ಅಂಗೈಯಗಲದ ಒಂದು ಚೌಕಟ್ಟು, ಅದರೊಳಗೆ ಇರುವೆ ಸಾಲಿನಂಥ ಅಕ್ಷರ, ಮೇಲೆ ‘ಸ್ವಾಧೀನ ಸೂಚನೆ’ ಎಂಬ ತಲೆಬರಹ. ಸಾಲಗಾರನ ಹೆಸರು, ಜಾಮೀನುದಾರನ ಹೆಸರು, ಮನೆಯ ನಂಬರು, ಪೂರ್ವಕ್ಕೆ ಯಾರ ಮನೆ, ಪಶ್ಚಿಮಕ್ಕೆ ಯಾವ ರಸ್ತೆ, ಬಾಕಿ ಎಷ್ಟು ಲಕ್ಷ... ಎಲ್ಲವೂ ಕನ್ನಡದಲ್ಲಿ! ಕ್ರಿಕೆಟ್ ಸ್ಕೋರು ಹುಡುಕುವ ನಮ್ಮ ಹುಡುಗರು ಆ ಪುಟ ಮಗುಚಿ ಮುಂದೆ ಹೋಗುತ್ತಾರೆ. ಕನ್ನಡ ಹೋರಾಟದವರೂ ಹಾಗೆಯೇ. ಕನ್ನಡದಲ್ಲಿ ಇದೆಯಲ್ಲ, ಇನ್ನೇನು ತಕರಾರು?

ತಕರಾರು ಇದೆ ಗೆಳೆಯರೇ. ಒಬ್ಬ ಕನ್ನಡಿಗನ ಮನೆ ಹರಾಜಾಗುವ ಇಡೀ ವ್ಯವಹಾರದಲ್ಲಿ ಕಾನೂನು ಸ್ಥಳೀಯ ಭಾಷೆಯನ್ನು ನೆನೆಸಿಕೊಳ್ಳುವುದು ಪತ್ರಿಕೆಯಲ್ಲಿ ಡಂಗುರ ಹೊಡೆಯುವಾಗ ಮಾತ್ರ. ಅವನ ಕೈಗೆ ಬರುವ ನೋಟೀಸು ಕನ್ನಡದಲ್ಲಿರಬೇಕೆಂದು ಎಲ್ಲೂ ಬರೆದಿಲ್ಲ. ಅವನು ದೂರು ಒಯ್ಯಬೇಕಾದ ನ್ಯಾಯಮಂಡಳಿಗೆ ಕನ್ನಡವೇ ಬೇಡ. ಊರ ಮುಂದೆ ಮಾನ ಕಳೆಯಲಿಕ್ಕೆ ಕನ್ನಡ, ಮನೆ ಉಳಿಸಿಕೊಳ್ಳಲಿಕ್ಕೆ ಇಂಗ್ಲೀಷು. ಇದೆಂಥ ನ್ಯಾಯ?

ನನ್ನದು ಹಾರೂಗೇರಿಯಲ್ಲಿ ಸಣ್ಣದೊಂದು ಪ್ರೆಸ್ಸು. ಲಗ್ನಪತ್ರಿಕೆ, ಪಾವತಿ ಪುಸ್ತಕ, ಜಾತ್ರೆಯ ಪೋಸ್ಟರು, ಸೊಸೈಟಿಗಳ ವಾರ್ಷಿಕ ವರದಿ ಅಚ್ಚು ಹಾಕುತ್ತೇನೆ. ಓದಿದ್ದು ಪಿಯುಸಿವರೆಗೆ. ಆದರೆ ಅಚ್ಚಿನ ಮನೆಯವನಿಗೆ ಎಲ್ಲಾ ಓದಲಿಕ್ಕೆ ಬರುತ್ತದೆ ಎಂದು ಜನರ ನಂಬಿಕೆ. ಹೀಗಾಗಿ ಲಕೋಟೆ ಹಿಡಿದುಕೊಂಡು ಬರುತ್ತಾರೆ. ಹೋದ ವರ್ಷ ಗ್ಯಾರೇಜು ಇಟ್ಟುಕೊಂಡ ಹಿರಿಯರೊಬ್ಬರು ಬಂದು ಎರಡು ಲಕೋಟೆ ಮುಂದಿಟ್ಟರು. “ತಮ್ಮಾ, ಇದರಾಗ ಏನ್ ಬರದಾರ ಒಂದೀಟ ಓದಿ ಹೇಳ.” ಒಂದು ಆ ವಾರದ್ದು, ಇನ್ನೊಂದು ನಾಲ್ಕು ತಿಂಗಳ ಹಳೆಯದು, ದೇವರ ಜಗಲಿಯ ಮೇಲೆ ಇಟ್ಟು ಕುಂಕುಮ ಹತ್ತಿತ್ತು. ಹಳೆಯದು 60 ದಿನದ ಬೇಡಿಕೆ ನೋಟೀಸು, ಹೊಸದು ಮನೆಯ ಸ್ವಾಧೀನದ ನೋಟೀಸು. ಎರಡೂ ಇಂಗ್ಲೀಷಿನಲ್ಲಿ.

“ಕಾಕಾ, ಇದನ್ನ ಅವಾಗ ಯಾಕ ತರಲಿಲ್ರಿ?”

“ಬ್ಯಾಂಕಿನಿಂದ ಇಂಥಾ ಕಾಗದ ಬರತಾನ ಇರತಾವಲ್ಲಪಾ, ಬಡ್ಡಿ ಲೆಕ್ಕಾ ಇರಬೇಕಂತ ತಿಳದ್ನಿ.”

ಬ್ಯಾಂಕಿನ ಹೆಸರು ಇಲ್ಲಿ ಬೇಕಾಗಿಲ್ಲ. ಅವರು ಕಾನೂನು ಮೀರಿ ಏನನ್ನೂ ಮಾಡಿರಲಿಲ್ಲ. ರಜಿಸ್ಟರ್ ಪೋಸ್ಟಿನಲ್ಲಿ ಕಳಿಸಿದ್ದರು, ಇವರು ಸಹಿ ಮಾಡಿ ಇಸಿದುಕೊಂಡಿದ್ದರು. ಕಾನೂನಿನ ಲೆಕ್ಕದಲ್ಲಿ ಅವರಿಗೆ ‘ತಿಳಿಸಿದಂತೆ’ ಆಯಿತು! ನನ್ನ ತಕರಾರು ಇರುವುದು ಇಲ್ಲಿಯೇ.

ಈ ಕಾನೂನಿಗೆ ಸರ್ಫೇಸಿ ಎನ್ನುತ್ತಾರೆ. ಬಂದದ್ದು 2002ರಲ್ಲಿ. ಪೂರ್ತಿ ಹೆಸರು ಬರೆಯಹೊರಟರೆ ಒಂದು ಪ್ಯಾರಾ ಅದಕ್ಕೇ ಹೋದೀತು. ಅದಕ್ಕೆ ಮುಂಚೆ ಗಹಾಣದ ಆಸ್ತಿ ಮಾರಬೇಕಾದರೆ ಬ್ಯಾಂಕು ಕೋರ್ಟಿಗೋ ನ್ಯಾಯಮಂಡಳಿಗೋ ಹೋಗಿ ಹುಕುಂ ತರಬೇಕಿತ್ತು. ಈಗ ಬ್ಯಾಂಕೇ ಫಿರ್ಯಾದಿ, ಬ್ಯಾಂಕೇ ಬೇಲೀಫ. ಕಂತು 90 ದಿನ ಮೀರಿ ನಿಂತು ಸಾಲ ಎನ್‌ಪಿಎ ಆದರೆ ಕಲಂ 13(2)ರ ಪ್ರಕಾರ 60 ದಿನದ ನೋಟೀಸು ಕೊಟ್ಟು, ಆಮೇಲೆ ಕೋರ್ಟಿನ ಕಟ್ಟೆ ಹತ್ತದೆಯೇ ಆಸ್ತಿ ಸ್ವಾಧೀನಕ್ಕೆ ತೆಗೆದುಕೊಂಡು ಮಾರಬಹುದು. ಬೀಗ ಹಾಕಲು ಪೊಲೀಸರ ನೆರವು ಬೇಕಾದರೆ ಜಿಲ್ಲಾ ಮ್ಯಾಜಿಸ್ಟ್ರೇಟರಿಗೆ ಅಥವಾ ಮುಖ್ಯ ನ್ಯಾಯಿಕ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ಅಲ್ಲಿ ಸಾಲಗಾರನ ವಾದ ಕೇಳುವ ಪದ್ಧತಿ ಇಲ್ಲ. ಸಿವಿಲ್ ಕೋರ್ಟಿನ ಬಾಗಿಲನ್ನು ಕಲಂ 34 ಮುಚ್ಚಿದೆ. ಹೈಕೋರ್ಟಿಗೆ ರಿಟ್ ಹಾಕೋಣವೆಂದರೆ, ನ್ಯಾಯಮಂಡಳಿ ಇರುವಾಗ ಇಂಥ ರಿಟ್‌ಗಳಿಗೆ ಕೈಹಾಕಬೇಡಿ ಎಂದು 2010ರ ಸತ್ಯವತಿ ಟಂಡನ್ ಪ್ರಕರಣದಿಂದ ಹಿಡಿದು ಸುಪ್ರೀಂ ಕೋರ್ಟು ಮತ್ತೆ ಮತ್ತೆ ಹೇಳುತ್ತ ಬಂದಿದೆ.

ಹಾಗಾದರೆ ಸಾಲಗಾರನಿಗೆ ಉಳಿದದ್ದೇನು? ಉಳಿದಿದೆ. ಆದರೆ ಉಳಿದದ್ದೆಲ್ಲ ದಿನ ಎಣಿಸುವ ಲೆಕ್ಕ.

ಮೊದಲನೆಯದು ಆ 60 ದಿನ. ಈ ಅವಧಿಯೊಳಗೆ ಬ್ಯಾಂಕಿಗೆ ಆಕ್ಷೇಪಣೆ ಬರೆಯುವ ಹಕ್ಕು ಕಲಂ 13(3ಎ)ಯಲ್ಲಿದೆ. ಬ್ಯಾಂಕು ಅದನ್ನು ಪರಿಶೀಲಿಸಬೇಕು, ಒಪ್ಪದಿದ್ದರೆ 15 ದಿನದಲ್ಲಿ ಕಾರಣ ಕೊಟ್ಟು ಉತ್ತರ ಬರೆಯಬೇಕು. ಸಂಸತ್ತು ಇದನ್ನು ದಾನವಾಗಿ ಕೊಟ್ಟದ್ದಲ್ಲ. 2004ರ ಏಪ್ರಿಲ್‌ನಲ್ಲಿ ಮರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಚಾಟಿ ಬೀಸಿದ ಮೇಲೆ ಸೇರಿಸಿದ್ದು. ಬಾಕಿಯ ಲೆಕ್ಕ ತಪ್ಪಿದೆ, ಕಟ್ಟಿದ ಕಂತು ಜಮಾ ಆಗಿಲ್ಲ, ಎನ್‌ಪಿಎ ಮಾಡಿದ ತಾರೀಖು ಸರಿಯಿಲ್ಲ, ಇದು ಹೊಲ, ಇದು ನನ್ನ ಪಾಲಿನ ಆಸ್ತಿಯೇ ಅಲ್ಲ... ಏನಿದ್ದರೂ ಹೇಳಬೇಕಾದದ್ದು ಇಲ್ಲಿ. ಆಕ್ಷೇಪಣೆ ತಳ್ಳಿಹಾಕಿದರು ಎಂದು ಆಗಲೇ ನ್ಯಾಯಮಂಡಳಿಗೆ ಓಡುವಂತಿಲ್ಲ ನಿಜ. ಆದರೆ ಮುಂದೆ ಹೋದಾಗ ಈ ಕಾಗದವೇ ಆಧಾರ. ಬ್ಯಾಂಕು ಉತ್ತರವನ್ನೇ ಕೊಡದಿದ್ದರೆ ಅದೂ ಆಧಾರ.

ಒಂದು ಮಾತು ನೆನಪಿಡಿ. ಆಕ್ಷೇಪಣೆ ಇಂಗ್ಲೀಷಿನಲ್ಲೇ ಇರಬೇಕೆಂದು ಈ ಕಾಯ್ದೆಯಲ್ಲಿ ಎಲ್ಲಿಯೂ ಇಲ್ಲ. ಕನ್ನಡದಲ್ಲೇ ಬರೆಯಿರಿ! ಓದಿಸಿಕೊಳ್ಳುವ ಕಷ್ಟ ಒಮ್ಮೆಯಾದರೂ ಬ್ಯಾಂಕಿನವರಿಗೆ ಬರಲಿ. ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ, ಪಾವತಿ ಮತ್ತು ಪ್ರತಿ ಜೋಪಾನವಾಗಿ ಇಟ್ಟುಕೊಳ್ಳಿ. ನೋಟೀಸು ಬಂದ ಮೇಲೆ ಆಸ್ತಿಯನ್ನು ಗುಟ್ಟಾಗಿ ಯಾರಿಗಾದರೂ ಬರೆದುಕೊಡುವ ಬುದ್ಧಿವಂತಿಕೆ ಮಾತ್ರ ಬೇಡ. ಬ್ಯಾಂಕಿನ ಲಿಖಿತ ಒಪ್ಪಿಗೆಯಿಲ್ಲದೆ ಅದನ್ನು ಮಾಡುವಂತಿಲ್ಲ.

ಎರಡನೆಯದು 45 ದಿನ. ಇಲ್ಲಿಯೇ ನಮ್ಮವರು ಹೆಚ್ಚು ಬೀಳುವುದು. ಬ್ಯಾಂಕಿನವರು ಬಂದು ಬಾಗಿಲಿಗೆ ಒಂದು ಕಾಗದ ಅಂಟಿಸಿ, ಫೋಟೋ ಹೊಡೆದುಕೊಂಡು ಹೋಗುತ್ತಾರೆ. ಬೀಗ ಹಾಕುವುದಿಲ್ಲ. ಮನೆಯಲ್ಲಿ ಒಲೆ ಉರಿಯುತ್ತಲೇ ಇರುತ್ತದೆ, ಹುಡುಗರು ಸಾಲಿಗೆ ಹೋಗುತ್ತಲೇ ಇರುತ್ತಾರೆ. ಮನೆ ನಮ್ಮ ಕೈಯಲ್ಲೇ ಇದೆಯಲ್ಲ ಎಂದು ಮನುಷ್ಯ ಸುಮ್ಮನಿರುತ್ತಾನೆ. ಕಾನೂನು ಅದಕ್ಕೆ ಸಾಂಕೇತಿಕ ಸ್ವಾಧೀನ ಎನ್ನುತ್ತದೆ. ಕಲಂ 17ರ ಪ್ರಕಾರ ಸಾಲ ವಸೂಲಾತಿ ನ್ಯಾಯಮಂಡಳಿಗೆ ಅರ್ಜಿ ಹಾಕುವ 45 ದಿನದ ಗಡಿಯಾರ ಆ ಕಾಗದದೊಂದಿಗೇ ಓಡತೊಡಗುತ್ತದೆ. ಬೀಗ ಬೀಳುವ ತನಕ ಕಾಯಬೇಕಾಗಿಲ್ಲ, ಆಗಲೇ ಅರ್ಜಿ ಹಾಕಬಹುದು ಎಂದು 2018ರಲ್ಲಿ ಹಿಂಡನ್ ಫೋರ್ಜ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಸಾಲಗಾರನಿಗೆ ಅನುಕೂಲವಾದ ತೀರ್ಪು, ಆದರೆ ಗೊತ್ತಿದ್ದವನಿಗೆ!

ಈ ಅರ್ಜಿಗೆ ಬಾಕಿಯ ಹಣ ಮುಂಗಡ ಕಟ್ಟಬೇಕಾಗಿಲ್ಲ. ಹಿಂದೆ ಶೇಕಡಾ 75 ಕಟ್ಟಿಯೇ ಒಳಗೆ ಹೋಗಬೇಕಿತ್ತು. ಮರ್ಡಿಯಾ ತೀರ್ಪು ಆ ಷರತ್ತನ್ನು ಕಿತ್ತೊಗೆಯಿತು. ಶುಲ್ಕವೂ ಭಾರಿಯಲ್ಲ, 10 ಲಕ್ಷದೊಳಗಿನ ಬಾಕಿಗೆ ಲಕ್ಷಕ್ಕೆ 500 ರೂಪಾಯಿ. ಬ್ಯಾಂಕು ನಿಯಮ ತಪ್ಪಿದ್ದರೆ ಸ್ವಾಧೀನ ರದ್ದು ಮಾಡಿ ಆಸ್ತಿ ಮರಳಿ ಕೊಡಿಸುವ, ಪರಿಹಾರ ಕೊಡಿಸುವ ಅಧಿಕಾರ ನ್ಯಾಯಮಂಡಳಿಗಿದೆ. ತಡೆಯಾಜ್ಞೆ ಬೇಕೆಂದರೆ ಒಂದಿಷ್ಟು ಕಟ್ಟು ಎನ್ನುವುದುಂಟು, ಅದಕ್ಕೆ ತಯಾರಿರಬೇಕು. ಅಲ್ಲಿ ಸೋತು ಮೇಲ್ಮನವಿಗೆ ಹೋದರೆ ಬಾಕಿಯ ಅರ್ಧ, ಕಡಿಮೆ ಮಾಡಿದರೂ ಕಾಲು ಭಾಗ, ಕಟ್ಟಲೇಬೇಕು. ಆ ಮೇಲ್ಮನವಿಯ ನ್ಯಾಯಮಂಡಳಿ ಇರುವುದು ಚೆನ್ನೈನಲ್ಲಿ!

ಮೂರನೆಯದು ಹರಾಜು. ಸಾಲಗಾರನಿಗೆ 30 ದಿನದ ಮುಂಚಿತ ನೋಟೀಸು ಕೊಡದೆ ಮೊದಲ ಹರಾಜು ನಡೆಸುವಂತಿಲ್ಲ. 2014ರ ಮ್ಯಾಥ್ಯೂ ವರ್ಗೀಸ್ ತೀರ್ಪು ಇದನ್ನು ಖಡಾಖಂಡಿತವಾಗಿ ಹೇಳಿದೆ. ಆಸ್ತಿಗೆ ಮೌಲ್ಯಮಾಪನ ಆಗಿರಬೇಕು, ಕನಿಷ್ಠ ಬೆಲೆ ಗೊತ್ತು ಮಾಡಿರಬೇಕು. ಬಾಕಿ, ಖರ್ಚು ಕಳೆದು ಉಳಿದ ಹಣ ಬ್ಯಾಂಕಿನದಲ್ಲ, ವಾಪಸು ಕೊಡಬೇಕು. ಇದನ್ನು ಕೇಳುವವರೇ ಕಡಿಮೆ. ಪೂರ್ತಿ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು ಹಿಂದೆ ಮಾರಾಟದವರೆಗೂ ಇತ್ತು. 2016ರ ತಿದ್ದುಪಡಿ ಅದನ್ನು ಹರಾಜಿನ ಪ್ರಕಟಣೆಯ ದಿನಕ್ಕೆ ಕತ್ತರಿಸಿತು, 2023ರ ಬಾಫ್ನಾ ಮೋಟರ್ಸ್ ತೀರ್ಪು ಅದಕ್ಕೆ ಮೊಳೆ ಹೊಡೆಯಿತು. ಅಂದರೆ ನೋಡಿ, ಹರಾಜಿನ ಸುದ್ದಿ ಕನ್ನಡ ಪತ್ರಿಕೆಯಲ್ಲಿ ಅಚ್ಚಾಗಿ, ಪಕ್ಕದ ಮನೆಯವರು ಓದಿ ಹೇಳುವ ಹೊತ್ತಿಗೆ ಆ ಹಕ್ಕು ಮುಗಿದಿರುತ್ತದೆ!

ಇನ್ನು ನ್ಯಾಯಮಂಡಳಿಯ ಕಥೆ. ಕರ್ನಾಟಕಕ್ಕೆಲ್ಲ ಸಾಲ ವಸೂಲಾತಿ ನ್ಯಾಯಮಂಡಳಿ ಇರುವುದು ಬೆಂಗಳೂರಿನಲ್ಲಿ ಮಾತ್ರ. ಮಹಾರಾಷ್ಟ್ರದಲ್ಲಿ ಮುಂಬಯಿ, ಪುಣೆ, ನಾಗಪುರ, ಔರಂಗಾಬಾದ್ ನಾಲ್ಕೂ ಕಡೆ ಇದೆ. ತಮಿಳುನಾಡಿನಲ್ಲಿ ಚೆನ್ನೈ ಬಿಟ್ಟು ಕೊಯಮತ್ತೂರಿಗೂ ಮದುರೈಗೂ ಕೊಟ್ಟಿದ್ದಾರೆ. ನಮ್ಮ ಧಾರವಾಡದಲ್ಲಿ 2008ರಿಂದ ಹೈಕೋರ್ಟಿನ ಪೀಠವೇ ಇದೆ. ಹೈಕೋರ್ಟು ಬರಬಹುದಾದ ಊರಿಗೆ ಈ ನ್ಯಾಯಮಂಡಳಿ ಯಾಕೆ ಬರಬಾರದು? ರಾಯಬಾಗ ತಾಲೂಕಿನ ಮನುಷ್ಯ ಸ್ಟೇಶನ್ನಿಗೆ ಹೋಗಿ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಹತ್ತಿ ರಾತ್ರಿಯಿಡೀ ಪ್ರಯಾಣ ಮಾಡಬೇಕು. ಇಂಗ್ಲೀಷರ ಮುಂದೆ ತಲೆಬಾಗದ ಚೆನ್ನಮ್ಮನ ಹೆಸರಿನ ಗಾಡಿಯಲ್ಲಿ ಕೂತು ಇಂಗ್ಲೀಷಿನ ಮುಂದೆ ಕೈಕಟ್ಟಿ ನಿಲ್ಲಲು!

ಈ ನ್ಯಾಯಮಂಡಳಿಗಳ 1993ರ ಕಾರ್ಯವಿಧಾನ ನಿಯಮಗಳ 3ನೇ ನಿಯಮ ಓದಿ. ಕಲಾಪ ಇಂಗ್ಲೀಷಿನಲ್ಲಿ ಅಥವಾ ಹಿಂದಿಯಲ್ಲಿ. ಬೇರೆ ಭಾಷೆಯ ಅರ್ಜಿ, ದಾಖಲೆ ಏನಿದ್ದರೂ ಈ ಎರಡರಲ್ಲಿ ಒಂದಕ್ಕೆ ತರ್ಜುಮೆ ಮಾಡಿ ಜೊತೆಗಿಡದಿದ್ದರೆ ತೆಗೆದುಕೊಳ್ಳುವುದಿಲ್ಲ. ಪುರಸಭೆಯ ಮನೆ ಉತಾರ, ಹೊಲದ ಪಹಣಿ, ಪಾಲುಪಟ್ಟಿ, ಖರೀದಿ ಪತ್ರ, ಎಲ್ಲಾ ಕನ್ನಡದಲ್ಲಿ. ಕನ್ನಡ ನಾಡಿನ ರಾಜಧಾನಿಯಲ್ಲಿ ಕೂತ ನ್ಯಾಯಮಂಡಳಿಗೆ ಕರ್ನಾಟಕ ಸರಕಾರದ ಮುದ್ರೆಯಿರುವ ಕಾಗದ ಹಾಗೆಯೇ ಕೊಟ್ಟರೆ ಸಲ್ಲುವುದಿಲ್ಲ! ಬಿಹಾರದ ಸಾಲಗಾರನಿಗೆ ಅವನ ಊರಿನ ಆಡಳಿತದ ಭಾಷೆಯಲ್ಲೇ ಬಾಗಿಲು ತೆರೆದಿದೆ. ನಮಗೇಕಿಲ್ಲ? ಯಾವ ಅಹವಾಲನ್ನಾದರೂ ಕೇಂದ್ರದ ಅಥವಾ ರಾಜ್ಯದ ಯಾವುದೇ ಅಧಿಕಾರಿಗೆ ಅಲ್ಲಿ ಬಳಕೆಯಲ್ಲಿರುವ ಭಾಷೆಯಲ್ಲಿ ಸಲ್ಲಿಸಬಹುದು ಎಂದು ಸಂವಿಧಾನದ 350ನೇ ವಿಧಿ ಹೇಳುತ್ತದೆ. ಈ 3ನೇ ನಿಯಮ ಬರೆದವರಿಗೆ ಆ ವಿಧಿ ನೆನಪಿಗೆ ಬರಲಿಲ್ಲವೇನೋ. ಈಗ ಇ-ಫೈಲಿಂಗ್ ಬಂದಿದೆಯಲ್ಲ, ಮನೆಯಲ್ಲೇ ಕೂತು ಅರ್ಜಿ ಹಾಕಬಹುದಲ್ಲ ಎನ್ನುವವರಿದ್ದಾರೆ. ದೂರ ಕಡಿಮೆಯಾದೀತು, ಭಾಷೆ?

ಬ್ಯಾಂಕುಗಳಿಗೆ ಕನ್ನಡ ಬರೆಯಲು ಬರುವುದಿಲ್ಲ ಎಂದೇನೂ ಇಲ್ಲ. ರಿಸರ್ವ್ ಬ್ಯಾಂಕು 2024ರ ಏಪ್ರಿಲ್‌ನಲ್ಲಿ ಸುತ್ತೋಲೆ ಹೊರಡಿಸಿತು. ಅದೇ ವರ್ಷದ ಅಕ್ಟೋಬರ್ 1ರಿಂದ ಕೊಡುವ ಹೊಸ ಚಿಲ್ಲರೆ ಸಾಲಕ್ಕೂ ಸಣ್ಣ ಉದ್ದಿಮೆಯ ಅವಧಿ ಸಾಲಕ್ಕೂ ಬಡ್ಡಿ, ಶುಲ್ಕ ಎಲ್ಲಾ ಬರೆದ ಮುಖ್ಯಾಂಶಗಳ ಪತ್ರವನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು, ವಿವರಿಸಿ ಹೇಳಿ ಸಹಿ ಪಡೆಯಬೇಕು. ಒಳ್ಳೆಯದು. ಸಾಲ ಕೊಡುವ ದಿನ ನಮಗೆ ತಿಳಿಯುವ ಭಾಷೆ ಯಾವುದೆಂದು ಬ್ಯಾಂಕಿಗೆ ಗೊತ್ತಿರುತ್ತದೆ. ಮನೆ ಕಸಿಯುವ ದಿನ ಮರೆತುಹೋಗುತ್ತದೆಯೇ? 60 ದಿನದ ನೋಟೀಸಿಗೂ ಇದೇ ನಿಯಮ ಹಾಕಲು ಹೊಸ ಕಾಯ್ದೆ ಬೇಕಾಗಿಲ್ಲ. 2002ರ ಜಾರಿ ನಿಯಮಗಳನ್ನು ಮಾಡಿದ್ದು ಕೇಂದ್ರ ಸರಕಾರ. ಪತ್ರಿಕೆಯ ಜಾಹೀರಾತಿಗೆ ‘ಸ್ಥಳೀಯ ಭಾಷೆ’ ಎಂದು ಬರೆದ ಅದೇ ಕೈ ನೋಟೀಸಿಗೂ ಒಂದು ಸಾಲು ಬರೆದರೆ ಸಾಕು.

ಆ ‘ಸ್ಥಳೀಯ ಭಾಷೆ’ಯ ಮೇಲೂ ಗಡಿಯ ನಮಗೆ ಒಂದು ಕಣ್ಣಿರಬೇಕು. ನಿಯಮದಲ್ಲಿ ಇರುವುದು ಆ ಭಾಗದಲ್ಲಿ ಸಾಕಷ್ಟು ಪ್ರಸಾರವಿರುವ ಸ್ಥಳೀಯ ಭಾಷೆಯ ಪತ್ರಿಕೆ ಎಂದಷ್ಟೇ. ಕನ್ನಡ ಎಂದಿಲ್ಲ. ಸಾಂಗಲಿ, ಕೊಲ್ಹಾಪುರದ ಕಡೆ ಮುಖ್ಯ ಕಚೇರಿ ಇರುವ ಬ್ಯಾಂಕೊಂದು ನಿಪ್ಪಾಣಿಯ, ಕಾಗವಾಡದ ಆಸ್ತಿಯ ಪ್ರಕಟಣೆಯನ್ನು ಮರಾಠಿ ಪತ್ರಿಕೆಯಲ್ಲಿ ಹಾಕಿ ಕೈ ತೊಳೆದುಕೊಂಡರೆ ಕೇಳುವವರು ನಾವೇ ಆಗಬೇಕು.

ಸಹಕಾರಿ ಬ್ಯಾಂಕಿನವರು ನಮ್ಮವರೇ, ಅವರಿಗೆ ಈ ಕಾಯ್ದೆ ಹತ್ತುವುದಿಲ್ಲ ಎಂಬ ಭ್ರಮೆ ನಮ್ಮ ಕಡೆ ಬಹಳ. ನಿಪ್ಪಾಣಿಯಾಚೆ ಕಾಗಲ ತಾಲೂಕಿನ ಮುರಗೂಡದ ಸಹಕಾರಿ ಬ್ಯಾಂಕಿನ ಪ್ರಕರಣವೇ ಸುಪ್ರೀಂ ಕೋರ್ಟಿನ ಐದು ನ್ಯಾಯಮೂರ್ತಿಗಳ ಪೀಠಕ್ಕೆ ಹೋಗಿತ್ತು. ಸಹಕಾರಿ ಬ್ಯಾಂಕುಗಳಿಗೂ ಈ ಅಧಿಕಾರ ಇದೆ ಎಂದು 2020ರ ಮೇ 5ರಂದು ತೀರ್ಪಾಯಿತು. ಆದರೆ ರಿಸರ್ವ್ ಬ್ಯಾಂಕಿನ ಪರವಾನಗಿ ಇಲ್ಲದ ಪತ್ತಿನ ಸೊಸೈಟಿ, ಸೌಹಾರ್ದಗಳು ಬ್ಯಾಂಕಲ್ಲ. ಅವು ಸಹಕಾರ ಕಾನೂನಿನ ದಾರಿಯಲ್ಲೇ ಹೋಗಬೇಕು. ಅಲ್ಲಿ ಕನ್ನಡದಲ್ಲಿ ತಕರಾರು ಹಾಕಬಹುದು, ಕನ್ನಡದಲ್ಲಿ ಮಾತಾಡಬಹುದು. ಫೈನಾನ್ಸ್ ಕಂಪನಿಗಳಿಗೆ 2021ರಿಂದ 20 ಲಕ್ಷ ಮತ್ತು ಅದಕ್ಕೆ ಮೇಲ್ಪಟ್ಟ ಸಾಲಕ್ಕೆ ಈ ಕಾಯ್ದೆ ಸಿಕ್ಕಿದೆ, ಅದೂ ದೊಡ್ಡ ಕಂಪನಿಗಳಿಗೆ ಮಾತ್ರ. ಮನೆ ಸಾಲದ ಕಂಪನಿಗಳ ಲೆಕ್ಕ ಬೇರೆ. ಆದ್ದರಿಂದ ಲಕೋಟೆ ಬಂದಾಗ ಮೊದಲು ನೋಡಬೇಕಾದ್ದು ಕಳಿಸಿದವರು ಯಾರು ಎಂಬುದು.

ಹೊಲ ಈ ಕಾಯ್ದೆಯ ಹೊರಗೆ. ಕಲಂ 31(ಐ) ಪ್ರಕಾರ ಕೃಷಿ ಭೂಮಿಯ ಗಹಾಣಕ್ಕೆ ಇದು ಅನ್ವಯಿಸುವುದಿಲ್ಲ. ಕಬ್ಬು ನಿಂತ ಹೊಲಕ್ಕೆ ಈ ನೋಟೀಸು ಬಂದರೆ ಹೆದರಬೇಡಿ, ಸುಮ್ಮನೆಯೂ ಕೂಡಬೇಡಿ. ಪಹಣಿಯಲ್ಲಿ ಕೃಷಿ ಎಂದು ಬರೆದಿದ್ದರೆ ಸಾಲದು, ನಿಜವಾಗಿ ಬೇಸಾಯ ನಡೆದಿದೆ ಎಂದು ತೋರಿಸುವ ಹೊಣೆ ಸಾಲಗಾರನದೇ ಎಂದು ಸುಪ್ರೀಂ ಕೋರ್ಟು 2023ರಲ್ಲಿ ಹೇಳಿದೆ. ಕಾರ್ಖಾನೆಗೆ ಕಬ್ಬು ಕಳಿಸಿದ ಪಾವತಿ, ಬೆಳೆ ವಿಮೆಯ ಕಾಗದ, ಪಂಪ್‌ಸೆಟ್ಟಿನ ದಾಖಲೆ ಇಂಥವನ್ನು ಕೂಡಿಡಿ.

ಸಾಲ ಮಾಡಿದವ ತೀರಿಸಬೇಕು, ಅದರಲ್ಲಿ ಎರಡು ಮಾತಿಲ್ಲ. ನಾನೂ ಮಶೀನು ತಂದದ್ದು ಬ್ಯಾಂಕಿನ ಸಾಲದಲ್ಲೇ. ಇಲ್ಲಿ ಯಾರೂ ಸಾಲ ಮುಳುಗಿಸುವ ವಿದ್ಯೆ ಹೇಳಿಕೊಡುತ್ತಿಲ್ಲ. ಇದೇ ಬೆಂಗಳೂರಿನ ನ್ಯಾಯಮಂಡಳಿ 2017ರ ಜನವರಿಯಲ್ಲಿ ವಿಜಯ್ ಮಲ್ಯರಿಂದ 6,203 ಕೋಟಿ ರೂಪಾಯಿ, ಮೇಲೆ ಬಡ್ಡಿ ವಸೂಲು ಮಾಡಿಕೊಳ್ಳಲು ಬ್ಯಾಂಕುಗಳಿಗೆ ಅನುಮತಿ ಕೊಟ್ಟಿತು. ಆ ಹೊತ್ತಿಗೆ ಅವರು ದೇಶ ಬಿಟ್ಟು ಹತ್ತು ತಿಂಗಳಾಗಿತ್ತು. ಅಂಥವರಿಗೆ ನೋಟೀಸಿನ ಪ್ರತಿ ಅಕ್ಷರಕ್ಕೂ ಒಬ್ಬ ವಕೀಲ. ಗ್ಯಾರೇಜಿನ ಕಾಕಾಗೆ 60 ದಿನ ಶುರುವಾದದ್ದೇ ಗೊತ್ತಿಲ್ಲ.

ನಗರದ ಕನ್ನಡ ತರುಣರಿಗೆ ಒಂದು ಪ್ರಶ್ನೆ. 2025ರ ಮೇ ತಿಂಗಳಲ್ಲಿ ಆನೇಕಲ್ ತಾಲೂಕಿನ ಸೂರ್ಯನಗರದ ಬ್ಯಾಂಕ್ ಶಾಖೆಯಲ್ಲಿ ಮ್ಯಾನೇಜರು ಕನ್ನಡ ಮಾತಾಡುವುದಿಲ್ಲ ಎಂದದ್ದಕ್ಕೆ ನೀವು ಎಬ್ಬಿಸಿದ ಗದ್ದಲ ಮುಖ್ಯಮಂತ್ರಿಯವರೆಗೆ ಮುಟ್ಟಿತು, ವರ್ಗಾವಣೆಯೂ ಆಯಿತು. ಸರಿಯಾಗಿಯೇ ಮಾಡಿದಿರಿ. ಆದರೆ ಕೌಂಟರಿನ ಮಾತು ಐದು ನಿಮಿಷದ್ದು. ಅದೇ ಬ್ಯಾಂಕುಗಳ ಹಿಂದಿನ ಕೋಣೆಯಿಂದ ಇಂಗ್ಲೀಷಿನಲ್ಲಿ ಹೊರಡುವ ಲಕೋಟೆಗಳ ಬಗ್ಗೆ ಒಂದು ಪ್ರತಿಭಟನೆಯಾದರೂ ನನ್ನ ಕಣ್ಣಿಗೆ ಬಿದ್ದಿಲ್ಲ. ಬೋರ್ಡಿಗೆ ಮಸಿ ಬಳಿಯುವುದು ಸುಲಭ, ಫೋಟೋ ಬರುತ್ತದೆ. 3ನೇ ನಿಯಮ ಬದಲಿಸಿ ಎಂದು ದೆಹಲಿಯ ಹಣಕಾಸು ಇಲಾಖೆಗೆ, ನಮ್ಮ ಸಂಸದರಿಗೆ ಬೆನ್ನು ಹತ್ತಿ ಬರೆಯುವ ಕೆಲಸದಲ್ಲಿ ಫೋಟೋ ಬರುವುದಿಲ್ಲ. ಧಾರವಾಡಕ್ಕೆ ಒಂದು ನ್ಯಾಯಮಂಡಳಿ ಕೊಡಿ ಎಂಬ ಬೇಡಿಕೆಯನ್ನು ರಾಜ್ಯೋತ್ಸವದ ಯಾವ ವೇದಿಕೆಯಲ್ಲೂ ನಾನು ಕೇಳಿಲ್ಲ.

ಅದು ಆಗುವ ತನಕ ಮಾಡಬಹುದಾದ ಸಣ್ಣ ಕೆಲಸ ಒಂದಿದೆ. ನಿಮ್ಮ ಬಡಾವಣೆಯ ಸಂಘದ ಕಚೇರಿಯಲ್ಲಿ ವಾರಕ್ಕೊಂದು ದಿನ ಇಂಗ್ಲೀಷು ಬಲ್ಲ ಇಬ್ಬರು ಹುಡುಗರು ಕೂಡಲಿ. ಬಂದ ನೋಟೀಸನ್ನು ಓದಿ, ದಿನ ಎಣಿಸಿ, ಕೊನೆಯ ತಾರೀಖನ್ನು ಲಕೋಟೆಯ ಮೇಲೆ ಕನ್ನಡದಲ್ಲಿ ದಪ್ಪಗೆ ಬರೆದುಕೊಡಲಿ. ವಕೀಲರ ಕೆಲಸಕ್ಕೆ ಕೈಹಾಕುವುದು ಬೇಡ. ಹೆಣ್ಣುಮಕ್ಕಳಿಗೆ, ಪರಿಶಿಷ್ಟರಿಗೆ, ವರಮಾನ ಕಡಿಮೆ ಇದ್ದವರಿಗೆ ತಾಲೂಕು ಕಾನೂನು ಸೇವಾ ಸಮಿತಿಯಲ್ಲಿ ಪುಕ್ಕಟೆ ವಕೀಲರು ಸಿಗುತ್ತಾರೆ, ನ್ಯಾಯಮಂಡಳಿಯ ಪ್ರಕರಣಕ್ಕೂ. ಅಲ್ಲಿಗೆ ಕರೆದುಕೊಂಡು ಹೋಗಲಿ.

60 ದಿನದ ನೋಟೀಸಿಗೆ ಕನ್ನಡದ ಆಕ್ಷೇಪಣೆಯ ನಮೂನೆಯನ್ನು ಒಂದೇ ಹಾಳೆಯಲ್ಲಿ ಅಚ್ಚು ಹಾಕಿಸಿ ನಮ್ಮ ಪ್ರೆಸ್ಸಿನಲ್ಲಿ ಇಟ್ಟಿದ್ದೇನೆ, ದುಡ್ಡಿಲ್ಲ. ನೋಟೀಸಿನ ತಾರೀಖು, ಅದು ಕೈಗೆ ಬಂದ ತಾರೀಖು, ಸಾಲದ ಖಾತೆ ನಂಬರು, ಕೊನೆಯ ಕಂತು ಕಟ್ಟಿದ ದಿನ, ಬ್ಯಾಂಕು ಹೇಳುವ ಬಾಕಿ, ನಮ್ಮ ಲೆಕ್ಕದ ಬಾಕಿ, ಆಸ್ತಿ ಹೊಲವೋ ಮನೆಯೋ ಅಂಗಡಿಯೋ, ಆಕ್ಷೇಪಣೆಯ ಕಾರಣ. ಕೊನೆಯಲ್ಲಿ ಎರಡು ಸಾಲು: ಲೆಕ್ಕದ ಪೂರ್ತಿ ಪ್ರತಿ ಕೊಡಬೇಕು, 15 ದಿನದೊಳಗೆ ಕನ್ನಡದಲ್ಲಿ ಉತ್ತರ ಕೊಡಬೇಕು. ಯಾವ ಊರಿನ ಸಂಘದವರಾದರೂ ಇದನ್ನು ತಮ್ಮ ಹೆಸರಿನಲ್ಲೇ ಅಚ್ಚು ಹಾಕಿಸಿಕೊಳ್ಳಬಹುದು.